ಅಮ್ಮನಿಗೆ ಹೇಳದೆ ಅಡುಗೆಮನೆಯಲ್ಲಿ ಕ್ಯಾಮೆರಾ ಇಟ್ಟು ವಿಡಿಯೊ ಕಲಾಕೃತಿ ಮಾಡಬಹುದೇ? ಹೇಳಿದರೆ ಸಹಜತೆ ಹೋಗುತ್ತದಲ್ಲ?

ನಾನು ಹೇಳಿಯೇ ಇಟ್ಟಿದ್ದೆ. ಆದರೂ ಒಂದು ಸಂಸಾರಕ್ಕೆ ಕಲ್ಲು ಹಾಕಿದೆ.

ಮೈಸೂರಿನ ನಮ್ಮ ಮನೆ. ಕಲಾಶಾಲೆಯ ಕೊನೆಯ ವರ್ಷದ ಪ್ರದರ್ಶನಕ್ಕೆ ಅಂತ ಫ್ರಿಜ್ ಮೇಲೆ ವೈಫೈ ಕ್ಯಾಮೆರಾ ಇಟ್ಟೆ. "ಇಟ್ಕೋ, ಒಗ್ಗರಣೆ ಸಿಡಿಯದ ಹಾಗೆ ನೋಡ್ಕೋ" ಅಂದಳು ಅಮ್ಮ. ಸಹಜತೆ ಎಲ್ಲೂ ಹೋಗಲಿಲ್ಲ. ಮೂರನೇ ದಿನಕ್ಕೆ ಅಮ್ಮ ಕ್ಯಾಮೆರಾ ಇರುವುದನ್ನೇ ಮರೆತಿದ್ದಳು.

ಆಗ ನನ್ನ ತಲೆ ತುಂಬ ಸೋಫಿ ಕಾಲ್. 1981ರಲ್ಲಿ ಈ ಫ್ರೆಂಚ್ ಕಲಾವಿದೆ ವೆನಿಸ್‌ನ ಹೋಟೆಲೊಂದರಲ್ಲಿ ಮೂರು ವಾರ ಕೋಣೆ ಶುಚಿ ಮಾಡುವ ಕೆಲಸಕ್ಕೆ ಸೇರಿ, ಅತಿಥಿಗಳು ಇಲ್ಲದಾಗ ಅವರ ಸಾಮಾನುಗಳ ಫೋಟೊ ತೆಗೆದಿದ್ದರು. ವಸ್ತುಗಳೇ ಅಷ್ಟು ಮಾತಾಡುವಾಗ ಮುಖ ಯಾಕೆ, ಬರೀ ಕೈ ತೋರಿಸಿದರೆ ಯಾರಿಗೂ ತೊಂದರೆಯಿಲ್ಲ ಅಂದುಕೊಂಡೆ.

ಎಡವಿದ್ದು ಇಲ್ಲೇ. ಬಿಡಿಸಿಯೇ ಹೇಳುತ್ತೇನೆ. ಆ ಕ್ಯಾಮೆರಾದಲ್ಲಿ ಮೈಕ್ ಇತ್ತು. ಆಫ್ ಮಾಡಬಹುದಿತ್ತು. ಕುಕ್ಕರ್ ಸೀಟಿ, ಸೌಟಿನ ಸದ್ದು ಬೇಕು ಅಂತ ಮಾಡಲಿಲ್ಲ. ಕ್ಯಾಮೆರಾ ಅಂದರೆ ಅಮ್ಮನ ಲೆಕ್ಕದಲ್ಲಿ ಚಿತ್ರ; ಮಾತೂ ದಾಖಲಾಗುತ್ತದೆ ಅಂತ ನಾನು ಬಾಯಿಬಿಟ್ಟು ಹೇಳಿರಲಿಲ್ಲ. ಪಾತ್ರೆ ತೊಳೆಯಲು ಬರುತ್ತಿದ್ದ ಅಕ್ಕನನ್ನಂತೂ ಕೇಳಲೇ ಇಲ್ಲ. ಅಡುಗೆಮನೆ ಅಮ್ಮನದು, ಅಮ್ಮ ಒಪ್ಪಿದ್ದಾಳೆ, ಮುಗಿಯಿತು. ದಿನಾ ಬೆಳಗ್ಗೆ ಒಂದು ಗಂಟೆ ಅದು ಆ ಅಕ್ಕನ ಜಾಗವೂ ಹೌದು ಅನ್ನುವುದು ನನಗೆ ಹೊಳೆಯಲೇ ಇಲ್ಲ.

ನನಗೆ ತುಂಬ ಇಷ್ಟವಾಗಿದ್ದ ತುಣುಕು ನಲವತ್ತು ಸೆಕೆಂಡಿನದು. ಸೋಪಿನ ನೊರೆ ಒರೆಸಿಕೊಂಡ ಕೈ ಸೆರಗಿನ ತುದಿಯ ಗಂಟು ಬಿಚ್ಚುತ್ತದೆ. ಒಳಗೆ ಚೀಟಿ ದುಡ್ಡು. ಒದ್ದೆ ಬೆರಳಿಗೆ ನೋಟು ಅಂಟುತ್ತದೆ. ಎಣಿಸಿ ಅಮ್ಮನ ಕೈಗೆ, ಅಲ್ಲಿಂದ ಮೆಂತ್ಯದ ಖಾಲಿ ಡಬ್ಬಿಗೆ. "ಮಗಳ ಫೀಸಿಗೆ ಕಣಮ್ಮ. ಅವ್ರಿಗೆ ಮಾತ್ರ ಗೊತ್ತಾಗ್ಬಾರ್ದು."

ಪ್ರದರ್ಶನಕ್ಕೆ ಕುರ್ಚಿ ಇಳಿಸಲು ಬಂದಿದ್ದ ಹುಡುಗ ಆ ಅಕ್ಕನ ಬೀದಿಯವನು. ಗೋಡೆ ತುಂಬ ಇದ್ದ ಕೈ ನೋಡಿ ಅವನಿಗೇನೂ ತಿಳಿಯಲಿಲ್ಲ. ದನಿ ಕೇಳಿ ನಿಂತುಬಿಟ್ಟ. ಆ ವಾರವೇ ಗಂಡ ನಮ್ಮ ಬಾಗಿಲಿಗೆ ಬಂದ. ದುಡ್ಡು ಹೋಯಿತು, ಅಕ್ಕ ಮತ್ತೆ ಬರಲಿಲ್ಲ. ಫೀಸು ನಾನು ಕಟ್ಟಿದೆ, ಆದರೆ ಆ ಹೆಂಗಸು ಯಾರಿಗೂ ತಿಳಿಯದಂತೆ ಕಟ್ಟಿಕೊಂಡಿದ್ದ ಭದ್ರತೆಯನ್ನು ಯಾವ ದುಡ್ಡಿನಿಂದ ವಾಪಸು ಕೊಡಲಿ?

ನಿಮ್ಮ ಪ್ರಶ್ನೆಯನ್ನೇ ನಾನು ಒಪ್ಪುವುದಿಲ್ಲ. ಕ್ಯಾಮೆರಾ ಅಮ್ಮನ ಕಡೆಗೇ ಯಾಕೆ ತಿರುಗಬೇಕು? ಸೋಫಿ ಕಾಲ್ ಅದೇ 1981ರಲ್ಲಿ ತಮ್ಮ ತಾಯಿಗೆ ಹೇಳಿ, ತಮ್ಮನ್ನೇ ಹಿಂಬಾಲಿಸಲು ಪತ್ತೇದಾರನೊಬ್ಬನನ್ನು ಗೊತ್ತುಮಾಡಿಸಿದ್ದರು. ನಾನು ಹೋಟೆಲಿನ ಕಥೆ ಓದಿ ಹೊರಟವಳು, ಇದನ್ನು ಓದಿರಲಿಲ್ಲ. ನಮ್ಮ ಬೆಂಗಳೂರಿನ ಕಲಾವಿದೆ ಪುಷ್ಪಮಾಲಾ ಎನ್. ಅವರು ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆ 2000ದಿಂದ 2004ರವರೆಗೆ ಮಾಡಿದ ಫೋಟೊ ಸರಣಿ ನೋಡಿ: ಬ್ರಿಟಿಷರು ಬುಡಕಟ್ಟಿನವರನ್ನು ಚೌಕುಳಿ ಹಿನ್ನೆಲೆಯ ಮುಂದೆ ನಿಲ್ಲಿಸಿ ಅಳೆಯುತ್ತಿದ್ದ ಹಾಗೆ, ಪುಷ್ಪಮಾಲಾ ನೀಲಗಿರಿಯ ತೋಡ ಬುಡಕಟ್ಟಿನ ಹೆಂಗಸಾಗಿ ತಾವೇ ಅಳತೆಗೆ ನಿಂತರು.

ಕ್ಯಾಮೆರಾ ಅಮ್ಮನ ಕೈಗೆ ಕೊಡಿ. ಒಂದು ವಾರ ಅವರು ನಿಮ್ಮನ್ನು ಚಿತ್ರೀಕರಿಸಲಿ. ಯಾವುದು ಉಳಿಯಬೇಕು, ಯಾವುದು ಅಳಿಸಬೇಕು ಅನ್ನುವುದನ್ನೂ ಅವರೇ ಹೇಳಲಿ. ಆ ಬಾಗಿಲಿನಿಂದ ಒಳಗೆ ಬರುವ ಪ್ರತಿಯೊಬ್ಬರನ್ನೂ ಬೇರೆಬೇರೆಯಾಗಿ ಕೇಳಿ. ಮೈಕ್ ಮೊದಲ ದಿನವೇ ಆಫ್ ಮಾಡಿ.