ಕೇರಳದ ಟಿಕೆಟ್ ಸಿಂಧನೂರಿಗೆ ಬಂದರೆ: ಓದುಗರೊಬ್ಬರಿಗೆ ಸಂಪಾದಕರ ಉತ್ತರ

ನಮಸ್ಕಾರ.

ಸಿಂಧನೂರಿನಿಂದ ನೀವು ಬರೆದ ನಾಲ್ಕು ಪುಟದ ಪತ್ರ ಸಿಕ್ಕಿತು. ಹೆಸರು ಹಾಕಬೇಡಿ ಎಂದಿದ್ದೀರಿ, ಹಾಕಿಲ್ಲ. ಪತ್ರವನ್ನು ಪೂರ್ತಿ ಅಚ್ಚು ಹಾಕಲು ಜಾಗ ಸಾಲದು. ಹಾಗಾಗಿ ಉಳಿದ ಓದುಗರಿಗಾಗಿ ನೀವು ಕೇಳಿದ್ದನ್ನು ಚಿಕ್ಕದಾಗಿ ಹೇಳಿಬಿಡುತ್ತೇನೆ.

ನಿಮ್ಮ ತಂಗಿಯ ಮಗ ಮಂಗಳೂರಿನಲ್ಲಿ ಕಟ್ಟಡದ ಕೆಲಸಕ್ಕೆ ಇದ್ದಾನೆ. ರಜೆಗೆ ಊರಿಗೆ ಬರುವ ಮುಂಚೆ ಗೆಳೆಯರ ಜೊತೆ ಕಾಸರಗೋಡಿಗೆ ಹೋಗಿ ಕೇರಳ ಸರ್ಕಾರದ ಬಂಪರ್ ಲಾಟರಿ ಟಿಕೆಟ್ ತಂದಿದ್ದಾನೆ. ನಿಮ್ಮ ಗೊಬ್ಬರದ ಅಂಗಡಿಯಲ್ಲಿ ಅದನ್ನು ತೋರಿಸಿದಾಗ ದೊಡ್ಡ ಚರ್ಚೆಯೇ ಆಯಿತು. ಇದನ್ನು ಇಟ್ಟುಕೊಂಡರೆ ಪೊಲೀಸರು ಹಿಡಿಯುತ್ತಾರೆ ಎಂದರು ಕೆಲವರು. ಹೊರಗಿನವರಿಗೆ ಬಹುಮಾನ ಕೊಡುವುದಿಲ್ಲ ಎಂದರು ಇನ್ನು ಕೆಲವರು. ಹುಡುಗ ಹೆದರಿದ್ದಾನೆ. ಅಲ್ಲಿ ಸರ್ಕಾರವೇ ಮಾರುವ ಟಿಕೆಟ್ ಇಲ್ಲಿ ಅಪರಾಧ ಹೇಗೆ ಎಂಬುದು ನಿಮ್ಮ ಮೊದಲ ಪ್ರಶ್ನೆ. ಯಾವ ಯಾವ ರಾಜ್ಯದಲ್ಲಿ ಲಾಟರಿ ಇದೆ, ನಮ್ಮಲ್ಲೂ ಮತ್ತೆ ಶುರು ಮಾಡಬಾರದೇ, ನಿಮ್ಮ ಪತ್ರಿಕೆಯಲ್ಲಿ ಫಲಿತಾಂಶ ಹಾಕಬಾರದೇ ಎಂದೂ ಕೇಳಿದ್ದೀರಿ. ಫೋನಿನಲ್ಲೇ ಕೇರಳದ ಟಿಕೆಟ್ ತರಿಸಿಕೊಡುವವನೊಬ್ಬನ ಬಗ್ಗೆಯೂ ಬರೆದಿದ್ದೀರಿ. ಅವನ ವಿಷಯಕ್ಕೆ ಕೊನೆಗೆ ಬರುತ್ತೇನೆ.

ಮೊದಲು ಹುಡುಗನ ಭಯ ಬಿಡಿಸಿ. ಅವನು ಟಿಕೆಟ್ ಕೊಂಡದ್ದು ಕೇರಳದ ನೆಲದಲ್ಲಿ, ಲಾಟರಿ ಅಂಗಡಿಯಲ್ಲಿ. ಅದರಲ್ಲಿ ತಪ್ಪಿಲ್ಲ. ಕೊಂಡವನು ಯಾವ ಊರಿನವನು ಎಂದು ಅಲ್ಲಿ ಯಾರೂ ಕೇಳುವುದಿಲ್ಲ, ಬಹುಮಾನ ಬಂದರೆ ಹೊರ ರಾಜ್ಯದವರಿಗೂ ಕೊಡುತ್ತಾರೆ. 2024ರ ಓಣಂ ಬಂಪರ್‌ನ 25 ಕೋಟಿ ರೂಪಾಯಿ ಹೋದದ್ದು ನಮ್ಮದೇ ರಾಜ್ಯದ ಮಂಡ್ಯ ಜಿಲ್ಲೆಯವರೊಬ್ಬರಿಗೆ. ಹುಡುಗ ಮಾಡಬಾರದ್ದು ಒಂದೇ. ಆ ಟಿಕೆಟನ್ನು ಸಿಂಧನೂರಿನಲ್ಲಿ ಇನ್ನೊಬ್ಬರಿಗೆ ಮಾರಬಾರದು. ಹತ್ತು ಟಿಕೆಟ್ ತಂದು ಗೆಳೆಯರಿಗೆ ಮೇಲೆ ಐವತ್ತು ರೂಪಾಯಿ ಇಟ್ಟು ಕೊಟ್ಟರೂ ಅದು ಮಾರಾಟವೇ. ಇಲ್ಲಿ ಮಾರಿದವನ ಮೇಲೂ ಕೊಂಡವನ ಮೇಲೂ ಕೇಸು ಹಾಕಲು ಕಾನೂನಿನಲ್ಲಿ ಅವಕಾಶವಿದೆ. ಎರಡು ವರ್ಷದವರೆಗೆ ಜೈಲು, ದಂಡ, ಅಥವಾ ಎರಡೂ ಆಗಬಹುದು.

ಈಗ ನಿಮ್ಮ ಮೊದಲ ಪ್ರಶ್ನೆ. ಜೂಜು ಮತ್ತು ಬಾಜಿಯ ಬಗ್ಗೆ ಕಾನೂನು ಮಾಡುವ ಅಧಿಕಾರ ಸಂವಿಧಾನದಲ್ಲಿ ರಾಜ್ಯಗಳಿಗಿದೆ. ಆದರೆ ಸರ್ಕಾರಗಳು ನಡೆಸುವ ಲಾಟರಿ ಕೇಂದ್ರದ ಪಟ್ಟಿಯಲ್ಲಿದೆ. ಅದಕ್ಕಾಗಿ ಸಂಸತ್ತು 1998ರಲ್ಲಿ ಲಾಟರಿ ನಿಯಂತ್ರಣ ಕಾಯ್ದೆ ಮಾಡಿತು. ಅದರ ಪ್ರಕಾರ ಲಾಟರಿ ನಡೆಸಬೇಕೋ ಬೇಡವೋ ಎನ್ನುವುದು ಆಯಾ ರಾಜ್ಯಕ್ಕೆ ಬಿಟ್ಟದ್ದು. ನಡೆಸುವುದಾದರೆ ಸರ್ಕಾರವೇ ನಡೆಸಬೇಕು, ಟಿಕೆಟ್ ಮೇಲೆ ಅದರ ಮುದ್ರೆ ಇರಬೇಕು, ಡ್ರಾ ಆ ರಾಜ್ಯದ ಒಳಗೇ ಆಗಬೇಕು. ಒಂದು ಲಾಟರಿಗೆ ವಾರಕ್ಕೆ ಒಂದೇ ಡ್ರಾ ಇರಬೇಕು. ಕೇರಳದಲ್ಲಿ ದಿನಕ್ಕೊಂದು ಹೆಸರಿನ ಲಾಟರಿ ಇರುವುದು ಇದಕ್ಕೇ. ತನ್ನಲ್ಲಿ ಲಾಟರಿ ಬೇಡ ಎನ್ನುವ ರಾಜ್ಯ ಬೇರೆ ರಾಜ್ಯಗಳ ಟಿಕೆಟ್‌ಗಳನ್ನೂ ನಿಷೇಧಿಸಬಹುದು. ಆದರೆ ತನ್ನ ಟಿಕೆಟ್ ಮಾರಿಕೊಳ್ಳುತ್ತಾ ಪಕ್ಕದವರದ್ದು ಬೇಡ ಎನ್ನುವಂತಿಲ್ಲ ಎಂದು 1999ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆದ್ದರಿಂದ ಬೇಡ ಎನ್ನುವ ರಾಜ್ಯ ಪೂರ್ತಿ ಬೇಡ ಎನ್ನಬೇಕು. ಕರ್ನಾಟಕ ಹಾಗೆ ಮಾಡಿದೆ.

ಲಾಟರಿಗೆ ಅವಕಾಶ ಇರುವ ರಾಜ್ಯಗಳು 13 ಎಂದು ಸಾಮಾನ್ಯವಾಗಿ ಲೆಕ್ಕ ಹೇಳುತ್ತಾರೆ. ದಕ್ಷಿಣದಲ್ಲಿ ಕೇರಳ ಒಂದೇ. ಪಶ್ಚಿಮದಲ್ಲಿ ಮಹಾರಾಷ್ಟ್ರ ಮತ್ತು ಗೋವಾ. ಉತ್ತರದಲ್ಲಿ ಪಂಜಾಬ್, ನಡುವೆ ಮಧ್ಯಪ್ರದೇಶ. ಉಳಿದದ್ದೆಲ್ಲ ಪೂರ್ವಕ್ಕೆ: ಪಶ್ಚಿಮ ಬಂಗಾಳ, ಸಿಕ್ಕಿಂ, ಅಸ್ಸಾಂ, ಅರುಣಾಚಲ, ನಾಗಾಲ್ಯಾಂಡ್, ಮಣಿಪುರ, ಮಿಜೋರಾಂ, ಮೇಘಾಲಯ. ಈ ಎಲ್ಲ ಕಡೆಯೂ ಕೇರಳದ ಹಾಗೆ ಓಣಿ ಓಣಿಯಲ್ಲಿ ಟಿಕೆಟ್ ಸಿಗುತ್ತದೆ ಎಂದುಕೊಳ್ಳಬೇಡಿ. ಈಶಾನ್ಯದ ಸಣ್ಣ ರಾಜ್ಯಗಳ ಟಿಕೆಟ್‌ಗಳಿಗೆ ದೊಡ್ಡ ಸಂತೆ ಇರುವುದು ಬಂಗಾಳ, ಪಂಜಾಬ್‌ಗಳಂಥ ಕಡೆ. ಪಂಜಾಬಿನಲ್ಲಿ ಲೋಹ್ರಿ, ಬೈಸಾಖಿ, ದೀಪಾವಳಿ ಬಂಪರ್‌ಗಳಿಗೆ ಹಬ್ಬದಷ್ಟೇ ಕಾಯುತ್ತಾರೆ. ತಮಿಳುನಾಡು 2003ರಲ್ಲಿ ಬಾಗಿಲು ಹಾಕಿತು. ಗುಜರಾತ್, ಬಿಹಾರ, ಉತ್ತರ ಪ್ರದೇಶ, ರಾಜಸ್ಥಾನದಲ್ಲೂ ಇಲ್ಲ. ಹಿಮಾಚಲ ಪ್ರದೇಶ ಹಿಂದೆ ನಿಲ್ಲಿಸಿತ್ತು, ಮತ್ತೆ ಶುರು ಮಾಡಲು ಅಲ್ಲಿನ ಸಂಪುಟ 2025ರಲ್ಲಿ ತೀರ್ಮಾನಿಸಿತು.

ರಾಯಚೂರು, ಕೊಪ್ಪಳ, ಬಳ್ಳಾರಿ, ನಮ್ಮ ಈ ಮೂರು ಜಿಲ್ಲೆಗಳಿಂದ ನೋಡಿದರೆ ಹತ್ತಿರದ ಗಡಿ ದಾಟಿದರೂ ಲಾಟರಿ ಸಿಗುವುದಿಲ್ಲ. ರಾಯಚೂರಿನಿಂದ ಕೃಷ್ಣಾ ಸೇತುವೆ ದಾಟಿದರೆ ತೆಲಂಗಾಣ, ಅಲ್ಲಿಲ್ಲ. ಬಳ್ಳಾರಿಯಿಂದ ಗುಂತಕಲ್ ಕಡೆ ಹೋದರೆ ಆಂಧ್ರ, ಅಲ್ಲೂ ಇಲ್ಲ. ಟಿಕೆಟ್ ಸಿಗುವುದು ದುಡಿಯಲು ಹೋಗುವ ಊರುಗಳಲ್ಲಿ ಅಥವಾ ಅವುಗಳ ಪಕ್ಕದಲ್ಲಿ. ರಾಯಚೂರಿನವರು ರೈಲು ಹತ್ತಿದರೆ ಸೊಲ್ಲಾಪುರ, ಕೊಪ್ಪಳ ಹೊಸಪೇಟೆಯವರು ಹತ್ತಿದರೆ ಗೋವಾ. ಮಂಗಳೂರಿಗೆ ಹೋದವರಿಗೆ ತಲಪಾಡಿ ದಾಟಿದ ಕೂಡಲೇ ಕೇರಳ. ನಿಮ್ಮ ಪತ್ರ ಓದುವಾಗ ನನಗೆ ಹೆಚ್ಚು ಕಾಡಿದ್ದು ಇದೇ. ಊರು ಬಿಟ್ಟು ಗಾರೆ ಕೆಲಸಕ್ಕೆ ಹೋದ ಹುಡುಗರ ಬಟವಾಡೆ ದುಡ್ಡು ಊರಿಗೆ ಬರುವ ದಾರಿಯಲ್ಲೇ ಈ ಅಂಗಡಿಗಳಿವೆ.

ನಮ್ಮಲ್ಲಿ ಏಕೆ ನಿಂತಿತು? ನಿಮ್ಮ ವಯಸ್ಸಿನವರಿಗೆ ನೆನಪಿರುತ್ತದೆ. ಬಸ್ ಸ್ಟ್ಯಾಂಡಿನ ಸುತ್ತ ಲಾಟರಿ ಅಂಗಡಿಗಳ ಸಾಲೇ ಇರುತ್ತಿತ್ತು. ತಿಂಗಳಿಗೊಂದು ಟಿಕೆಟ್ ಕೊಂಡು ಜೇಬಿನಲ್ಲಿಟ್ಟುಕೊಳ್ಳುವವರಿಂದ ಮನೆ ಹಾಳಾಗಲಿಲ್ಲ. ಹಾಳು ಮಾಡಿದ್ದು ಒಂದಂಕಿ ಲಾಟರಿ. ಕೊನೆಯ ಒಂದು ಅಂಕಿ ಕೂಡಿಬಂದರೆ ಸಾಕು, ಆಗಲೇ ದುಡ್ಡು. ಹೋದರೆ ಮುಂದಿನ ಡ್ರಾ. ಹಮಾಲರು, ಆಟೋದವರು, ಹೋಟೆಲ್ ಹುಡುಗರು ಅಂಗಡಿ ಮುಂದೆಯೇ ನಿಂತು ದಿನದ ಕೂಲಿ ಕಳೆದುಕೊಂಡು ಹೋಗುತ್ತಿದ್ದರು. ಒಂದೇ ಅಂಕಿಯ ಮೇಲೆ ಬಹುಮಾನ ಇಡಬಾರದು ಎಂದು 1998ರ ಕಾಯ್ದೆ ಹೇಳಿದ್ದು ಇದೇ ಕಾರಣಕ್ಕೆ. ಆಮೇಲೆ ಕಂಪ್ಯೂಟರ್ ಇಟ್ಟು ಆನ್‌ಲೈನ್ ಲಾಟರಿ ಬಂತು. ಕೊನೆಗೆ ಎಚ್.ಡಿ. ಕುಮಾರಸ್ವಾಮಿ ಮುಖ್ಯಮಂತ್ರಿ ಆಗಿದ್ದಾಗ, 2007ರ ಏಪ್ರಿಲ್‌ನಲ್ಲಿ, ಕರ್ನಾಟಕದಲ್ಲಿ ಎಲ್ಲ ಲಾಟರಿಗಳೂ ನಿಂತವು. ಆಗ ಟಿಕೆಟ್ ಮಾರಿ ಬದುಕುತ್ತಿದ್ದ ಅಂಗವಿಕಲರಿಗೆ, ವಯಸ್ಸಾದವರಿಗೆ ಬಹಳ ಪೆಟ್ಟು ಬಿತ್ತು. ಅವರಿಗೆ ಬೇರೆ ದಾರಿ ಮಾಡಿಕೊಟ್ಟು ನಿಲ್ಲಿಸಬೇಕಿತ್ತು ಎಂದು ನನಗೆ ಇಂದಿಗೂ ಅನಿಸುತ್ತದೆ. ನಿಲ್ಲಿಸಿದ್ದು ಮಾತ್ರ ಸರಿ.

‘ಲಾಟರಿ ಇಲ್ಲದಿದ್ದರೇನು, ಜನ ಓಸಿ, ಅಂದರೆ ಮಟಕಾದ ನಂಬರ್ ಬಾಜಿ, ಆಡುತ್ತಲೇ ಇದ್ದಾರಲ್ಲ, ಅದರ ಬದಲು ಸರ್ಕಾರವೇ ನಡೆಸಿದರೆ ಮಟಕಾ ನಿಲ್ಲುವುದಿಲ್ಲವೇ’ ಎಂದು ಕೇಳಿದ್ದೀರಿ. ಇದು ಒಳ್ಳೆಯ ಪ್ರಶ್ನೆ, ಬಹಳ ಜನ ಕೇಳುತ್ತಾರೆ.

ಮಟಕಾ ಹುಟ್ಟಿದ್ದು ಹತ್ತಿ ವ್ಯಾಪಾರದಿಂದ. ನ್ಯೂಯಾರ್ಕ್ ಹತ್ತಿ ಪೇಟೆಯ ದರ ತಂತಿಯಲ್ಲಿ ಮುಂಬೈಗೆ ಬರುತ್ತಿತ್ತು. ಬೆಳಗಿನ ಓಪನ್ ದರ, ಸಂಜೆಯ ಕ್ಲೋಸ್ ದರದ ಮೇಲೆ ಜನ ಬಾಜಿ ಕಟ್ಟುತ್ತಿದ್ದರು. 1960ರ ದಶಕದಲ್ಲಿ ಆ ದರ ಬರುವುದು ನಿಂತಾಗ ಮಡಕೆಯಿಂದ ಚೀಟಿ ಎತ್ತಿ ನಂಬರ್ ತೆಗೆಯುವುದು ಶುರುವಾಯಿತು. ಹತ್ತಿ ಬೆಳೆಯುವ, ಹತ್ತಿ ಮಾರುವ ನಮ್ಮ ಬಳ್ಳಾರಿ ರಾಯಚೂರಿನಲ್ಲಿ ಅದು ಬೇರು ಬಿಟ್ಟಿದೆ. ಪೊಲೀಸರ ಪ್ರಕಟಣೆ ನೋಡಿ, ಮಾತು ಹೆಚ್ಚುಕಡಿಮೆ ಒಂದೇ: 1 ರೂಪಾಯಿಗೆ 80 ರೂಪಾಯಿ ಕೊಡುವುದಾಗಿ ಹೇಳಿ ನಂಬರ್ ಬರೆದುಕೊಳ್ಳುತ್ತಿದ್ದವನ ಬಂಧನ, ಕರ್ನಾಟಕ ಪೊಲೀಸ್ ಕಾಯ್ದೆ ಕಲಂ 78(3).

ಈ 80ರ ಲೆಕ್ಕವನ್ನು ಅಂಗಡಿಯಲ್ಲಿ ಎಲ್ಲರಿಗೂ ಬಿಡಿಸಿ ಹೇಳಿ. ಎರಡಂಕಿಯ ನಂಬರ್ ಸೊನ್ನೆ ಸೊನ್ನೆಯಿಂದ ತೊಂಬತ್ತೊಂಬತ್ತರವರೆಗೆ ನೂರು. ನೂರೂ ನಂಬರಿಗೆ ಒಂದೊಂದು ರೂಪಾಯಿ ಬರೆಸಿದರೆ 100 ರೂಪಾಯಿ ಹೋಗುತ್ತದೆ, 80 ಬರುತ್ತದೆ. ಬುಕ್ಕಿ ಮೋಸ ಮಾಡದೆ ನಿಯತ್ತಾಗಿ ನಡೆಸಿದರೂ ನೂರಕ್ಕೆ 20 ಅವನದ್ದು. ಕನಸಿನಲ್ಲಿ ಕಂಡ ನಂಬರ್, ಬಸ್ಸಿನ ನಂಬರ್, ಯಾರೋ ಹೇಳಿದ ನಂಬರ್, ಯಾವುದೂ ಈ ಲೆಕ್ಕ ಬದಲಿಸುವುದಿಲ್ಲ. ನಂಬರ್ ಹತ್ತಿದ ಒಬ್ಬನ ಹೆಸರು ಊರಿಗೆಲ್ಲ ಗೊತ್ತಾಗುತ್ತದೆ. ಹತ್ತದ ತೊಂಬತ್ತೊಂಬತ್ತು ಜನ ಮನೆಯಲ್ಲೂ ಬಾಯಿ ಬಿಡುವುದಿಲ್ಲ.

ಇದೇ ಎರಡಂಕಿ ಆಟ ಮೇಘಾಲಯದಲ್ಲಿ ಬೇರೆ ರೂಪದಲ್ಲಿದೆ. ಶಿಲ್ಲಾಂಗ್‌ನಲ್ಲಿ ಬಿಲ್ಲುಗಾರರು ಬಾಣ ಬಿಡುತ್ತಾರೆ. ಗುರಿಗೆ ನಾಟಿದ ಬಾಣಗಳನ್ನು ಎಣಿಸಿ ಕೊನೆಯ ಎರಡು ಅಂಕಿ ತೆಗೆಯುತ್ತಾರೆ. ತೀರ್ ಎಂಬ ಈ ಬಾಜಿಗೆ ಅಲ್ಲಿ ಲೈಸೆನ್ಸ್ ಇದೆ, ತೆರಿಗೆ ಇದೆ. ಒಂದು ರಾಜ್ಯದಲ್ಲಿ ಕೇಸು, ಇನ್ನೊಂದರಲ್ಲಿ ಲೈಸೆನ್ಸ್. ನಿಮಗೆ ಇದು ವಿಚಿತ್ರ ಅನಿಸುವುದು ಸಹಜ.

ಸರ್ಕಾರಿ ಲಾಟರಿ ಬಂದರೆ ಮಟಕಾ ಹೋಗುತ್ತದೆಯೇ? ಮಹಾರಾಷ್ಟ್ರವನ್ನು ನೋಡಿ. ಅಲ್ಲಿ ರಾಜ್ಯ ಲಾಟರಿ 1969ರಿಂದ ಇದೆ. ಮಟಕಾ ಬೆಳೆದು ದೊಡ್ಡದಾದದ್ದೂ ಅಲ್ಲೇ. 2007ಕ್ಕಿಂತ ಮುಂಚೆ ನಮ್ಮಲ್ಲೂ ಎರಡೂ ಜೊತೆಗೇ ಇದ್ದವಲ್ವಾ? ಆದ್ದರಿಂದ ನನ್ನ ಉತ್ತರ: ಬೇಡ. ಕರ್ನಾಟಕದಲ್ಲಿ ಲಾಟರಿ ಮತ್ತೆ ಬರಬಾರದು.

ಕೇರಳದ ಮಾತು ಬೇರೆ, ಅದನ್ನು ಒಪ್ಪುತ್ತೇನೆ. 1967ರಲ್ಲಿ ದೇಶದಲ್ಲೇ ಮೊದಲು ಅಲ್ಲಿ ಲಾಟರಿ ಇಲಾಖೆ ಶುರುವಾಯಿತು. 1968ರ ಜನವರಿ 26ರಂದು ಮೊದಲ ಡ್ರಾ. ಟಿಕೆಟ್‌ಗೆ 1 ರೂಪಾಯಿ, ಮೊದಲ ಬಹುಮಾನ 50,000. ಇಂದಿಗೂ ಕಾಗದದ ಟಿಕೆಟ್ ಮಾತ್ರ. ಕಾರುಣ್ಯ ಲಾಟರಿಯ ದುಡ್ಡಿನಿಂದ ಕ್ಯಾನ್ಸರ್, ಕಿಡ್ನಿ, ಹೃದಯದ ಕಾಯಿಲೆಯ ಬಡವರಿಗೆ ಚಿಕಿತ್ಸೆ ಕೊಡಿಸಿದರು. ಒಳ್ಳೆಯ ಕೆಲಸ. ಆದರೆ ಬಡವನ ಚಿಕಿತ್ಸೆಗೆ ಇನ್ನೊಬ್ಬ ಬಡವನ ಕೂಲಿಯಿಂದಲೇ ದುಡ್ಡು ಎತ್ತಬೇಕೇ? ಸುಗ್ಗಿ ಮುಗಿದು ಕೈಗೆ ನಾಲ್ಕು ಕಾಸು ಬರುವ ಹೊತ್ತಿಗೆ ಸಂಘದ ಕಂತು, ಗೊಬ್ಬರದ ಬಾಕಿ, ಮಕ್ಕಳ ಫೀಸು ಎಲ್ಲ ಸಾಲಾಗಿ ನಿಂತಿರುತ್ತವೆ. ನಿಮ್ಮ ಅಂಗಡಿಯ ಉದ್ರಿ ಪುಸ್ತಕ ನೋಡಿದರೆ ಇದು ನನಗಿಂತ ನಿಮಗೇ ಚೆನ್ನಾಗಿ ಗೊತ್ತು. ಆ ಸಾಲಿಗೆ ಸರ್ಕಾರವೇ ಇನ್ನೊಂದು ಅಂಗಡಿ ಸೇರಿಸುವುದು ನ್ಯಾಯವಲ್ಲ.

ಇನ್ನು ಗೆಲ್ಲುವ ಮಾತು. 2011ರ ಜನಗಣತಿಯಲ್ಲಿ ರಾಯಚೂರು, ಕೊಪ್ಪಳ ಮತ್ತು ವಿಜಯನಗರ ಬೇರೆಯಾಗುವ ಮೊದಲಿನ ಬಳ್ಳಾರಿ, ಈ ಮೂರೂ ಜಿಲ್ಲೆ ಸೇರಿ ಸುಮಾರು 57 ಲಕ್ಷ 70 ಸಾವಿರ ಜನ. ಹಸುಗೂಸು ಮುದುಕರು ಎಲ್ಲ ಸೇರಿ. ಅಷ್ಟೂ ಜನರ ಹೆಸರು ಬರೆದು ಒಂದೇ ಒಂದು ಚೀಟಿ ಎತ್ತಿದರೆ ಅದರಲ್ಲಿ ನಿಮ್ಮ ಹುಡುಗನ ಹೆಸರು ಬರಬೇಕು. ಓಣಂ ಬಂಪರ್ ಅದಕ್ಕಿಂತಲೂ ಕಷ್ಟ. 2024ರಲ್ಲಿ 70 ಲಕ್ಷಕ್ಕೂ ಹೆಚ್ಚು ಟಿಕೆಟ್ ಮಾರಾಟವಾಗಿ, ಮೊದಲ ಬಹುಮಾನ ಒಂದೇ ಇತ್ತು. ಗೆದ್ದರೂ 25 ಕೋಟಿ ಪೂರ್ತಿ ಕೈಗೆ ಬರುವುದಿಲ್ಲ. ಏಜೆಂಟ್ ಕಮಿಷನ್ ನೂರಕ್ಕೆ 10, ಉಳಿದದ್ದರಲ್ಲಿ ನೂರಕ್ಕೆ 30 ಆದಾಯ ತೆರಿಗೆ. ಆಗ 15.75 ಕೋಟಿ ಉಳಿಯುತ್ತದೆ. ಅದರ ಮೇಲೆ ಸರ್ಚಾರ್ಜ್, ಸೆಸ್ ಎಂದು ಗೆದ್ದವರೇ ಮತ್ತೆ ಕಟ್ಟಬೇಕು. ಟಿಕೆಟ್ ಮೇಲಿನ ಜಿಎಸ್‌ಟಿ ಕೂಡ 2025ರ ಸೆಪ್ಟೆಂಬರ್‌ನಲ್ಲಿ ನೂರಕ್ಕೆ 28ರಿಂದ 40ಕ್ಕೆ ಏರಿದೆ.

ಈಗ ಫೋನಿನವನ ವಿಷಯ. ಅವನಿಗೆ ಒಂದು ಪೈಸೆಯನ್ನೂ ಕೊಡಬೇಡಿ. ಕೇರಳ ಸರ್ಕಾರ ಆನ್‌ಲೈನ್‌ನಲ್ಲಿ ಟಿಕೆಟ್ ಮಾರುವುದೇ ಇಲ್ಲ. ಅವನು ಕಳಿಸುವ ಫೋಟೋ ನಿಜವಾದ ಟಿಕೆಟ್‌ನದ್ದೇ ಆಗಿದ್ದರೂ ಕಾಗದ ಯಾರ ಕೈಲಿದೆಯೋ ಬಹುಮಾನ ಅವರಿಗೇ. ಅದೇ ಫೋಟೋವನ್ನು ಅವನು ನೂರು ಜನರಿಗೆ ಕಳಿಸಿರಬಹುದು. ‘25 ಲಕ್ಷ ಗೆದ್ದಿದ್ದೀರಿ, ಮೊದಲು ತೆರಿಗೆ ಕಟ್ಟಿ’ ಎಂಬ ವಾಟ್ಸಾಪ್ ಸಂದೇಶ ಬಂದರೂ ಅಷ್ಟೇ. ಕೊಳ್ಳದ ಟಿಕೆಟ್‌ಗೆ ಬಹುಮಾನ ಬರುವುದಿಲ್ಲ. ನಿಜವಾದ ಬಹುಮಾನಕ್ಕೆ ತೆರಿಗೆಯನ್ನು ಅವರೇ ಮುರಿದುಕೊಂಡು ಕೊಡುತ್ತಾರೆ, ಮುಂಗಡ ಕೇಳುವುದಿಲ್ಲ. ಯಾರಾದರೂ ಈಗಾಗಲೇ ದುಡ್ಡು ಹಾಕಿದ್ದರೆ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಿಸಿ. ಬೇಗ ತಿಳಿಸಿದರೆ ದುಡ್ಡನ್ನು ಖಾತೆಯಲ್ಲೇ ತಡೆಯುವ ಸಾಧ್ಯತೆ ಇರುತ್ತದೆ. ಹಾಗೆಯೇ ತಿಂಗಳು ತಿಂಗಳು ಕಂತು ಕಟ್ಟಿಸಿಕೊಂಡು ಬೈಕು, ಬಂಗಾರ ಕೊಡುತ್ತೇವೆ ಎನ್ನುವ ಲಕ್ಕಿ ಸ್ಕೀಮ್‌ಗಳ ಬಗ್ಗೆಯೂ ಎಚ್ಚರ. ಬಹುಮಾನ ಚೀಟಿಗಳನ್ನು 1978ರಲ್ಲೇ ಕೇಂದ್ರ ಕಾಯ್ದೆ ನಿಷೇಧಿಸಿದೆ.

ಫಲಿತಾಂಶವನ್ನು ನಮ್ಮ ಪತ್ರಿಕೆಯಲ್ಲಿ ಹಾಕುವುದಿಲ್ಲ. ಈ ಜಿಲ್ಲೆಗಳಲ್ಲಿ ಮಾರುವಂತಿಲ್ಲದ ಟಿಕೆಟ್‌ನ ನಂಬರ್ ಇಲ್ಲಿ ಅಚ್ಚಾದರೆ ಅದರಿಂದ ಲಾಭ ಆಗುವುದು ಕದ್ದು ಮಾರುವವರಿಗೆ. ನಿಮ್ಮ ಹುಡುಗನಿಗೆ ಬೇಕಾದದ್ದನ್ನು ಹೇಳುತ್ತೇನೆ. ಟಿಕೆಟ್ ಹಿಂದೆ ಅವನ ಹೆಸರು, ವಿಳಾಸ ಬರೆದು ಸಹಿ ಹಾಕಲಿ. ಮಡಚದೆ, ನೀರು ತಾಕದಂತೆ ಇಡಲಿ. ಡ್ರಾ ಆದ ದಿನ ಕೇರಳ ಲಾಟರಿ ಇಲಾಖೆಯ ಜಾಲತಾಣದಲ್ಲಿ ನಂಬರ್ ನೋಡಲಿ, ವಾಟ್ಸಾಪ್‌ನಲ್ಲಿ ಬಂದ ಪಟ್ಟಿ ನಂಬಬಾರದು. ಬಹುಮಾನ ಬಂದಿದ್ದರೆ ಕೇರಳದ ಸರ್ಕಾರಿ ಗೆಜೆಟ್‌ನ ಪಟ್ಟಿಯ ಜೊತೆ ತಾಳೆ ನೋಡಿ, 30 ದಿನದ ಒಳಗೆ ಟಿಕೆಟ್ ಒಪ್ಪಿಸಬೇಕು. ಸಣ್ಣ ಮೊತ್ತ ಕೇರಳದ ಏಜೆಂಟರ ಹತ್ತಿರವೇ ಸಿಗುತ್ತದೆ, ಮಂಗಳೂರಿಗೆ ವಾಪಸ್ ಹೋದಾಗ ತೆಗೆದುಕೊಳ್ಳಬಹುದು. ದೊಡ್ಡದಾದರೆ ಆಧಾರ್, ಪ್ಯಾನ್ ಬೇಕು. ಹೊರ ರಾಜ್ಯದವನಾದ್ದರಿಂದ ನೋಟರಿ ಸಹಿಯೂ ಬೇಕಾಗುತ್ತದೆ. ಪ್ಯಾನ್ ಇಲ್ಲದಿದ್ದರೆ ಈಗಲೇ ಮಾಡಿಸಲಿ. ಲಾಟರಿ ಹತ್ತದಿದ್ದರೂ ಬ್ಯಾಂಕಿನ ಕೆಲಸಕ್ಕೆ ಬರುತ್ತದೆ.

ಸಂಪಾದಕ