ಪಹಣಿಯಲ್ಲಿ 'ಸರ್ಕಾರ' ಅಂತ ಬಂದರೆ ನಮ್ಮನ್ನು ಹೊಲದಿಂದ ಎಬ್ಬಿಸಬಹುದಾ?

ನಿಮ್ಮ ಪ್ರಶ್ನೆ ಓದಿ ಹಾಗೇ ಮುಂದೆ ಹೋಗಲು ಮನಸ್ಸಾಗಲಿಲ್ಲ. ಕಲಬುರಗಿ ಜಿಲ್ಲೆಯಲ್ಲಿ ನಿಮ್ಮ ತಾತನ ಕಾಲದಿಂದ ಬಿತ್ತುತ್ತಿರುವ ನಾಲ್ಕು ಎಕರೆ ಇದೆ. ಪಹಣಿಯಲ್ಲಿ ಮಾಲೀಕರ ಹೆಸರಿರುವ 9ನೇ ಕಾಲಂನಲ್ಲಿ ಈಗ 'ಸರ್ಕಾರ' ಅಂತಿದೆ. ಏಳು ದಿನದಲ್ಲಿ ಬಿಡಿ ಅಂತ ನೋಟಿಸ್ ಬಂದಿದೆ. ಜೆಸಿಬಿ ತಂದು ತೆರವು ಮಾಡಿಬಿಡಬಹುದಾ ಅಂತ ಕೇಳಿದ್ದೀರಿ. ಇಂಥದ್ದೇ ನೋಟಿಸ್ ನಮ್ಮ ಮನೆ ಬಾಗಿಲಿಗೂ ಅಂಟಿಸಿದ್ದರು. ಆಗ ತೊಗರಿ ಹೂ ಬಿಟ್ಟಿತ್ತು.

ಜಮೀನು ಯಾರದೆಂಬ ಬಗ್ಗೆ ನಿಜವಾದ ತಕರಾರು ಇದ್ದರೆ ಬರೀ ನೋಟಿಸ್ ಕೊಟ್ಟು ಎಬ್ಬಿಸುವಂತಿಲ್ಲ. ಆದರೆ ಆ ತಕರಾರು ಇದೆ ಅಂತ ನೀವು ಕಾಗದದಲ್ಲಿ ತೋರಿಸಬೇಕು, ಅದೂ ಗಡುವು ಮುಗಿಯುವುದರೊಳಗೆ. ನಾವು ಎಂಟು ದಿನ ಊರ ಮುಖಂಡರ ಮನೆಗೆ ಅಲೆದು ಕಳೆದೆವು. ನೀವು ಹಾಗೆ ಮಾಡಬೇಡಿ.

ಕರ್ನಾಟಕ ಭೂಕಂದಾಯ ಕಾಯ್ದೆ 1964ರ 104ನೇ ಕಲಂ ಪ್ರಕಾರ ಸರ್ಕಾರಿ ಜಮೀನು ಒತ್ತುವರಿ ಮಾಡಿದವರನ್ನು ಬೇಗ ತೆರವು ಮಾಡಿಸಬಹುದು. ಅಧಿಕಾರಿಗಳು ಹಿಡಿಯುವುದು ಇದನ್ನೇ. ಆದರೆ ಇದು ನಡೆಯುವುದು ಜಮೀನು ಸರ್ಕಾರದ್ದು ಅನ್ನುವುದು ಸ್ಪಷ್ಟ ಇದ್ದಾಗ. 1982ರಲ್ಲಿ ಸುಪ್ರೀಂ ಕೋರ್ಟ್ ತುಮ್ಮಲ ಕೃಷ್ಣರಾವ್ ಪ್ರಕರಣದಲ್ಲಿ ಇದನ್ನು ಬಿಡಿಸಿ ಹೇಳಿದೆ. ಅದು ನಿಜಾಮರ ಕಾಲದಲ್ಲಿ ಉಸ್ಮಾನಿಯಾ ವಿಶ್ವವಿದ್ಯಾಲಯಕ್ಕೆ ಜಮೀನು ತೆಗೆದುಕೊಂಡಾಗ ಹುಟ್ಟಿದ ಜಗಳ. ಒಡೆತನದ ಬಗ್ಗೆ ಪ್ರಾಮಾಣಿಕ ವಿವಾದ ಇದ್ದರೆ ಸರ್ಕಾರ ತಾನೇ ತೀರ್ಮಾನ ಮಾಡಿಕೊಂಡು ಎಬ್ಬಿಸುವಂತಿಲ್ಲ, ಸಿವಿಲ್ ಕೋರ್ಟಿಗೆ ಹೋಗಬೇಕು ಅಂತ ತೀರ್ಪಾಯಿತು. ಅಲ್ಲಿದ್ದದ್ದು ಆಂಧ್ರದ ಕಾಯ್ದೆ. ಆದರೂ ನಿಮ್ಮ ವಕೀಲರಿಗೆ ಈ ತೀರ್ಪಿನ ಹೆಸರು ಹೇಳಿ.

ಇನ್ನು ಕಾಗದದ ಮಾತು. ನಮ್ಮ ಭಾಗ 1948ರವರೆಗೆ ನಿಜಾಮರ ಕೈಯಲ್ಲಿತ್ತು. ಜಾಗೀರು (ಜಾಗೀರುದಾರರಿಗೆ ಬಿಟ್ಟುಕೊಟ್ಟದ್ದು), ಇನಾಮು (ದಾನವಾಗಿ ಕೊಟ್ಟದ್ದು), ಸರ್ಫ್-ಎ-ಖಾಸ್ (ನಿಜಾಮರ ಸ್ವಂತದ್ದು) ಅಂತ ಜಮೀನಿನಲ್ಲಿ ಹಲವು ಬಗೆ. ಜಾಗೀರು ರದ್ದಾದದ್ದು 1949ರಲ್ಲಿ. 1956ರಲ್ಲಿ ನಾವು ಮೈಸೂರು ರಾಜ್ಯಕ್ಕೆ ಸೇರಿದೆವು. ಆಮೇಲೆ ಕಂಪ್ಯೂಟರ್ ಪಹಣಿ ಬಂತು. ಇಷ್ಟು ಸಲ ದಫ್ತರ ಬದಲಾದಾಗ ಒಂದು ಹೆಸರು ಬಿಟ್ಟುಹೋಗುವುದು ದೊಡ್ಡದೇನಲ್ಲ. ಅದಕ್ಕೇ ಇವತ್ತಿನ ಪಹಣಿ ಒಂದನ್ನೇ ನೋಡಿ ಎದೆ ಒಡೆದುಕೊಳ್ಳಬೇಡಿ. ಪಹಣಿಯಲ್ಲಿ ಇರುವುದನ್ನು ನಿಜ ಅಂತ ಕಾನೂನು ಹಿಡಿಯುತ್ತದೆ, ಹೌದು. ಆದರೆ ಅದು ಸುಳ್ಳು ಅಂತ ತೋರಿಸುವವರೆಗೆ ಮಾತ್ರ.

ಸೇತ್ವಾರ್ (ನಿಜಾಮರ ಕಾಲದ ಸರ್ವೆ ದಾಖಲೆ), 1954-55ರ ಖಾಸ್ರಾ ಪಹಣಿ (ಆಗ ಯಾವ ಹೊಲ ಯಾರದು ಅಂತ ಬರೆದ ಪಹಣಿ), ಆಮೇಲಿನ ಕೈಬರಹದ ಪಹಣಿಗಳು, ಟಿಪ್ಪಣಿ (ಹೊಲದ ಅಳತೆಯ ನಕ್ಷೆ), ಆಕಾರಬಂದ್ (ವಿಸ್ತೀರ್ಣ, ಕಂದಾಯದ ಪಟ್ಟಿ), ಇಷ್ಟರ ದೃಢೀಕೃತ ನಕಲಿಗೆ ನಾಳೆಯೇ ಅರ್ಜಿ ಹಾಕಿ. ನಮ್ಮ ಖಾಸ್ರಾ ಪಹಣಿ ಉರ್ದುವಿನಲ್ಲಿತ್ತು. ಮನೆಯಲ್ಲಿ ಯಾರಿಗೂ ಓದಲು ಬರುತ್ತಿರಲಿಲ್ಲ. ನಿವೃತ್ತ ಮಾಸ್ತರೊಬ್ಬರು ಕನ್ನಡಕ ಒರೆಸಿಕೊಂಡು ಸಾಲಿನ ಮೇಲೆ ಬೆರಳಿಟ್ಟು ಓದುತ್ತಾ ಬಂದರು. ಒಂದು ಕಡೆ ಬೆರಳು ನಿಂತಿತು. "ಇದು ನಿಮ್ಮ ಅಜ್ಜನ ಹೆಸರು ಅಲ್ವಾ?" ಅಂದರು. ಅಪ್ಪ ಏನೂ ಮಾತಾಡಲಿಲ್ಲ. ಆ ಹಾಳೆಯನ್ನು ಮುಟ್ಟಿ ಕಣ್ಣಿಗೆ ಒತ್ತಿಕೊಂಡರು. (ವರ್ಷ ಹಳೆ ಕಂದಾಯ ಲೆಕ್ಕದ ಫಸಲಿಯಲ್ಲಿದ್ದರೆ 590 ಕೂಡಿಸಿ. 1364 ಅಂದರೆ 1954.)

ಅಪ್ಪ ಒಂದು ತಪ್ಪು ಮಾಡಿದ್ದರು. ನೀವೂ ಅದನ್ನೇ ಮಾಡುತ್ತೀರೇನೋ ಅಂತ ನನಗೆ ಭಯ. ಅದಕ್ಕೇ ಇದನ್ನು ಒತ್ತಿ ಹೇಳುತ್ತೇನೆ. ಯಾರೋ ಹೇಳಿದರೆಂದು ಅವರು ಬಗರ್ ಹುಕುಂ (ಅಪ್ಪಣೆ ಇಲ್ಲದ ಸಾಗುವಳಿ) ಸಕ್ರಮದ ಫಾರಂ 57 ತುಂಬಿ ಕೊಟ್ಟಿದ್ದರು. ಆ ಫಾರಂ ಇರುವುದು ಸರ್ಕಾರಿ ಜಮೀನು ಉಳುವವರಿಗೆ. ಅಂದರೆ ನಮ್ಮ ಸಹಿಯಲ್ಲೇ 'ಇದು ಸರ್ಕಾರದ್ದು' ಅಂತ ಒಪ್ಪಿಕೊಂಡಂತಾಯಿತು! ಎದುರು ವಕೀಲರು ಮೊದಲು ತೆಗೆದದ್ದೇ ಆ ಕಾಗದ. ನಿಮ್ಮದು ನಿಜಕ್ಕೂ ಗಾಯರಾಣ (ಸರ್ಕಾರಿ ಗೋಮಾಳ) ಆಗಿದ್ದರೆ ಸಕ್ರಮಕ್ಕೆ ಈಗಲೂ ಅವಕಾಶ ಇದೆಯಾ ಅಂತ ವಿಚಾರಿಸಿ, ಅದರಲ್ಲಿ ನಾಚಿಕೆ ಏನಿಲ್ಲ. ಆದರೆ ಪಟ್ಟಾ (ಸ್ವಂತ ಹಕ್ಕಿನ) ಜಮೀನು ಅನ್ನುವ ನಂಬಿಕೆ ಇದ್ದರೆ, ಹಳೆ ದಾಖಲೆ ನೋಡದೆ ಯಾವ ಅರ್ಜಿಗೂ ಹೆಬ್ಬೆಟ್ಟು ಒತ್ತಬೇಡಿ. '12 ವರ್ಷ ಕೂತರೆ ನಮ್ಮದು' ಅನ್ನುವ ಮಾತನ್ನೂ ಜವಾಬಿನಲ್ಲಿ ಬರೆಯಬೇಡಿ. ಸರ್ಕಾರದ ವಿರುದ್ಧ ಅದು 30 ವರ್ಷ, ಮತ್ತು ಆ ವಾದದಲ್ಲೂ ಮೊದಲು ಒಡೆಯ ಸರ್ಕಾರ ಅಂತ ಒಪ್ಪಬೇಕಾಗುತ್ತದೆ.

ಜವಾಬು ಚಿಕ್ಕದಿರಲಿ. ಜಮೀನು ನಮ್ಮ ಪಟ್ಟಾ, ದಾಖಲೆಗೆ ಅರ್ಜಿ ಹಾಕಿದ್ದೇವೆ, ಭೂಕಂದಾಯ ಕಾಯ್ದೆಯ 67(2)ನೇ ಕಲಂ ಪ್ರಕಾರ ಜಮೀನು ಯಾರದೆಂದು ವಿಚಾರಣೆ ನಡೆಸಿ, ನಮ್ಮ ಸಮಕ್ಷಮ ಸರ್ವೆ ಮಾಡಿ. ಇಷ್ಟು ಸಾಕು. ಟಪಾಲಿನಲ್ಲಿ ಕೊಟ್ಟು ಮುದ್ರೆ ಹಾಕಿಸಿಕೊಳ್ಳಿ. ರಿಜಿಸ್ಟರ್ ಅಂಚೆಯಲ್ಲೂ ಒಂದು ಕಳಿಸಿ.

ಅಷ್ಟಾದರೂ ಜೆಸಿಬಿ ಬರುತ್ತದೆ ಅನ್ನಿಸಿದರೆ ಕೋರ್ಟಿಗೆ ಹೋಗಿ. ಸರ್ಕಾರದ ಮೇಲೆ ದಾವೆ ಹಾಕಲು ಎರಡು ತಿಂಗಳ ನೋಟಿಸ್ ಕೊಡಬೇಕು, ಆದರೆ ತುರ್ತು ಇದ್ದರೆ ಕೋರ್ಟಿನ ಅನುಮತಿ ಪಡೆದು ನೋಟಿಸ್ ಇಲ್ಲದೆಯೂ ಹಾಕಬಹುದು. ಹೈಕೋರ್ಟ್ ಪೀಠ ಕಲಬುರಗಿಯಲ್ಲೇ ಇದೆ, ಬೆಂಗಳೂರಿನ ರೈಲು ಹತ್ತಬೇಕಿಲ್ಲ. ಅಲ್ಲಿ ಒಡೆತನ ಯಾರದು ಅಂತ ಸಾಮಾನ್ಯವಾಗಿ ತೀರ್ಮಾನ ಮಾಡುವುದಿಲ್ಲ. ಜವಾಬು ಕೇಳದೆ ತೆರವು ಮಾಡಹೊರಟರೆ ತಡೆಯುತ್ತಾರೆ. ಒಡೆತನದ ಮಾತು ಸಿವಿಲ್ ಕೋರ್ಟಿನಲ್ಲಿ. ಫೀಸಿಗೆ ದುಡ್ಡಿಲ್ಲದಿದ್ದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ.

ನಮ್ಮ ದಾವೆ ಇನ್ನೂ ಮುಗಿದಿಲ್ಲ, ತಡೆಯಾಜ್ಞೆ ಮೇಲಿದ್ದೇವೆ. ಈ ಮುಂಗಾರಿಗೂ ಅದೇ ಹೊಲದಲ್ಲಿ ತೊಗರಿ ಬಿತ್ತಿದ್ದೇವೆ. ನಿಮ್ಮ ನೋಟಿಸಿನಲ್ಲಿ ಯಾವ ಕಲಂ ಬರೆದಿದ್ದಾರೆ, ಸರ್ವೆ ನಂಬರಿನ ಮುಂದೆ 'ಪೈಕಿ' (ಆ ನಂಬರಿನಲ್ಲಿ ಒಂದು ಭಾಗ) ಅಂತ ಇದೆಯಾ, ಇವೆರಡನ್ನು ನೋಡಿ ಬರೆಯಿರಿ.