ಆಲೆಮನೆಯ ಸಾಕ್ಷ್ಯಚಿತ್ರಕ್ಕೆ ನಿರೂಪಣೆ ಬೇಕೇ?

ಪ್ರಶ್ನೆ: ನಮ್ಮೂರಿನ ಆಲೆಮನೆಯ ಬಗ್ಗೆ ಸಾಕ್ಷ್ಯಚಿತ್ರ ತೆಗೆಯುತ್ತಿದ್ದೇನೆ. ಹಿನ್ನೆಲೆಯಲ್ಲಿ ನಿರೂಪಣೆ ಇಲ್ಲದಿದ್ದರೆ ಯಾರಿಗೂ ಅರ್ಥವಾಗದು ಎಂದು ಗೆಳೆಯರು ಹೇಳುತ್ತಾರೆ. ಚಿತ್ರ ನಿರ್ದೇಶಕ ಮಣಿ ಕೌಲ್ ಅವರನ್ನು ನೋಡು ಎಂದರು ಒಬ್ಬ ಮೇಷ್ಟ್ರು. ಅವರಿಂದ ಕಲಿಯುವುದೇನು?
– ಓದುಗರೊಬ್ಬರು, ಪಾಂಡವಪುರ

ಉತ್ತರ: ನಿಮ್ಮ ಮೇಷ್ಟ್ರಿಗೆ ನನ್ನ ನಮಸ್ಕಾರ ತಿಳಿಸಿ. ಮಣಿ ಕೌಲ್ ಹುಟ್ಟಿದ್ದು 1944ರಲ್ಲಿ, ಜೋಧಪುರದಲ್ಲಿ. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಬಂಗಾಳಿ ನಿರ್ದೇಶಕ ಋತ್ವಿಕ್ ಘಟಕ್ ಅವರ ಶಿಷ್ಯ. ಎಲ್ಲರೂ ಮೊದಲು ಅವರ ಕಥಾಚಿತ್ರ ‘ಉಸ್ಕಿ ರೋಟಿ’ಯ ಹೆಸರು ಹೇಳುತ್ತಾರೆ, ನೀವು ಅದನ್ನು ಆಮೇಲೆ ನೋಡಿ. ಕೇಂದ್ರ ಸರ್ಕಾರದ ಸಾಕ್ಷ್ಯಚಿತ್ರ ಸಂಸ್ಥೆ ಫಿಲ್ಮ್ಸ್ ಡಿವಿಷನ್‌ಗಾಗಿ 1980ರಲ್ಲಿ ತೆಗೆದ ‘ಅರೈವಲ್’ ಚಿಕ್ಕದು, ನಿಮ್ಮ ಕೆಲಸಕ್ಕೆ ಹತ್ತಿರದ್ದು. ಮುಂಬೈಗೆ ಬಂದಿಳಿಯುವ ತರಕಾರಿ, ಹಣ್ಣು, ಕುರಿಗಳು. ಅವುಗಳ ಜೊತೆಗೇ ಕೂಲಿ ಅರಸಿ ಬಂದ ಜನ. ವಿವರಿಸುವ ದನಿಯಿಲ್ಲ. ಮಾಲೂ ಮನುಷ್ಯರೂ ಒಂದೇ ಸಾಲಿನಲ್ಲಿ ಬರುತ್ತಿದ್ದಾರೆ ಎಂಬುದು ನಮಗೇ ಹೊಳೆದಾಗ ಎದೆ ಭಾರವಾಗುತ್ತದೆ. ಅದನ್ನು ಯಾರಾದರೂ ಬಾಯಿಬಿಟ್ಟು ಹೇಳಿದ್ದರೆ ಅದೊಂದು ಭಾಷಣವಾಗುತ್ತಿತ್ತು.

ಕೌಲ್ ಸ್ವತಃ ಹಿಂದೂಸ್ತಾನಿ ಸಂಗೀತದ ಹಳೆಯ ಶೈಲಿಯಾದ ಧ್ರುಪದ್ ಕಲಿತವರು. ಜಿಯಾ ಮೊಹಿಯುದ್ದೀನ್ ಡಾಗರ್ ಅವರ ರುದ್ರವೀಣೆ, ಡಾಗರ್ ಅವರ ಕಿರಿಯ ಸೋದರ ಫರಿದುದ್ದೀನ್ ಅವರ ಗಾಯನ ಇರುವ ‘ಧ್ರುಪದ್’ (1982) ನೋಡಿದರೆ ಕೌಲ್ ಅವರ ಶೈಲಿಯ ಗುಟ್ಟು ತಿಳಿಯುತ್ತದೆ. ಕೊನೆಯಲ್ಲಿ ಕ್ಯಾಮೆರಾ ಮುಂಬೈ ಮನೆಗಳ ಮೇಲೆ ನಿಧಾನವಾಗಿ, ಬಹಳ ಹೊತ್ತು ಸರಿಯುತ್ತದೆ. ಮೈಸೂರಿನ ಕಚೇರಿಗಳಲ್ಲಿ ವೀಣೆಯ ಆಲಾಪನೆ ಕೇಳಿದವರಿಗೆ ಆ ನಡೆ ಹೊಸದೆನಿಸದು. ರಾಗವನ್ನು ಅವಸರಪಡಿಸಲಾಗದು, ಶಾಟ್ ಕೂಡ ಹಾಗೆಯೇ. ‘ಸಿದ್ಧೇಶ್ವರಿ’ಯಲ್ಲಿ (1989) ಠುಮ್ರಿ ಎಂಬ ಹಿಂದೂಸ್ತಾನಿ ಗಾನಪ್ರಕಾರದ ಗಾಯಕಿ ಸಿದ್ಧೇಶ್ವರಿ ದೇವಿಯ ಬದುಕು ಹುಟ್ಟಿನಿಂದ ಸಾವಿನವರೆಗೆ ಸಾಲಾಗಿ ಬರುವುದಿಲ್ಲ. ಆ ಪಾತ್ರದಲ್ಲಿರುವ ಮೀತಾ ವಶಿಷ್ಠ್ ಕಡೆಗೆ ಟಿ.ವಿ. ಮುಂದೆ ಕುಳಿತು ನಿಜವಾದ ಸಿದ್ಧೇಶ್ವರಿ ದೇವಿ ಹಾಡುವುದನ್ನು ನೋಡುತ್ತಾರೆ. ನಟನೆ ಯಾವುದು, ದಾಖಲೆ ಯಾವುದು ಎಂಬ ಗೆರೆಯನ್ನು ಅಳಿಸಲು ಕೌಲ್ ಅವರಿಗೆ ಒಂದು ನೋಟವೇ ಸಾಕು.

ಈಗ ನಿಮ್ಮ ಆಲೆಮನೆ. ಕೊಪ್ಪರಿಗೆಯಲ್ಲಿ ಕಬ್ಬಿನ ಹಾಲು ಕುದಿಯುತ್ತದೆ, ನೊರೆ ತೆಗೆಯುತ್ತಾರೆ, ಪಾಕ ಬರುತ್ತಾ ಬರುತ್ತಾ ಕುದಿಯುವ ಸದ್ದು ದಪ್ಪವಾಗುತ್ತದೆ. ಪಾಕ ಹಾಕುವವರು ಒಂದಿಷ್ಟನ್ನು ತಣ್ಣೀರಿಗೆ ಬಿಟ್ಟು, ಬೆರಳಲ್ಲಿ ಉಂಡೆ ಮಾಡಿ ಹದ ನೋಡುತ್ತಾರೆ. ಆ ಬೆರಳುಗಳನ್ನು ಪೂರ್ತಿಯಾಗಿ ತೋರಿಸಿ, ಮಧ್ಯೆ ಕತ್ತರಿಸಬೇಡಿ. ಅಲ್ಲಿ ‘ಬೆಲ್ಲ ತಯಾರಿಕೆ ನಮ್ಮ ಹೆಮ್ಮೆಯ ಪರಂಪರೆ’ ಎಂಬ ದನಿ ತುಂಬಿದರೆ ಕಣ್ಣೂ ಕಿವಿಯೂ ಮುಚ್ಚಿಹೋಗುತ್ತವೆ.

ಆದರೆ ಮಾತೇ ಬೇಡವೆಂಬ ಹಟ ಹಿಡಿಯಬೇಡಿ. ಕೂಲಿ ಎಷ್ಟು, ಮುಂಗಡ ಸಾಲ ಎಷ್ಟು ಎಂಬುದು ಹೊಗೆಯಲ್ಲಿ ಕಾಣುವುದಿಲ್ಲ. ಅದನ್ನು ಕೆಲಸಗಾರರ ಬಾಯಿಂದಲೇ ಕೇಳಿಸಿ. ಮೊದಲ ಸಂಕಲನ ಮುಗಿದ ಕೂಡಲೇ ಆಲೆಮನೆಯವರನ್ನು ಕೂರಿಸಿ ತೋರಿಸಿ. ಪಾಕದ ಹದ ಬರುವ ಮೊದಲೇ ನೀವು ಶಾಟ್ ಕತ್ತರಿಸಿದ್ದರೆ ಅವರು ಖಂಡಿತ ಕೇಳುತ್ತಾರೆ.